ಕಾಲದ ಬಂಡಿಗೆ ಕಡಾಣಿ ಹೊಡೆದದ್ದು

ಒಂದಾನೊಂದು ಕಾಲದಲ್ಲಿ ಅಂತ ಎಲ್ಲರೂ ಕತೆ ಶುರುಮಾಡುತ್ತಾರೆ. ಈ ಕತೆಗೆ ಆ ಮಾತು ಕೂರುವುದಿಲ್ಲ. ತಿರುಗಣಿ ಎಂಬ ಆ ರಾಜ್ಯದಲ್ಲಿ ಕಾಲ ಒಂದಾಗಿರಲೇ ಇಲ್ಲ. ಮೂಡಣ ಬೀದಿಯಲ್ಲಿ ಬೆಳಗಾದರೆ ಪಡುವಣ ಬೀದಿಯಲ್ಲಿ ಇನ್ನೂ ಹೋದ ವರ್ಷದ ಸಂಜೆ. ಒಲೆಯ ಮೇಲಿಟ್ಟ ಅನ್ನ ಬೇಯುವಷ್ಟರಲ್ಲಿ ತಿರುಗಿ ಭತ್ತವಾಗಿ ಗಡಿಗೆಯೊಳಗೇ ಮೊಳಕೆಯೊಡೆದು ನಿಲ್ಲುತ್ತಿತ್ತು. ಮದುವಣಿಗ ತಾಳಿ ಕಟ್ಟಿ ತಲೆಯೆತ್ತಿದರೆ ಎದುರಿಗೆ ಬೊಚ್ಚುಬಾಯಿಯ ಮುದುಕಿ. ಆ ಮುದುಕಿ ನೋಡಿದರೆ ಮಣೆಯ ಮೇಲೆ ಕೈಕಾಲು ಆಡಿಸುವ ಕೂಸು. ಸುಳ್ಳು ಅನ್ನುವವರು ಈಗಲೇ ಎದ್ದು ಹೋಗಬಹುದು. ನಮ್ಮ ಮುತ್ತಜ್ಜನ ಮುತ್ತಜ್ಜ ಆ ರಾಜ್ಯದಲ್ಲಿ ಮೊದಲು ಸತ್ತು, ಆಮೇಲೆ ಹುಟ್ಟಿ, ಅದಾದ ಮೇಲೆ ನಮ್ಮನ್ನೆಲ್ಲ ಪಡೆದವನು. ನಮ್ಮ ವಂಶದಲ್ಲಿ ಸುಳ್ಳು ಹೇಳುವ ರೂಢಿಯಿಲ್ಲ.

ಕಾಲ ಯಾಕೆ ಹಾಗಾಯಿತು ಅಂದರೆ, ಊರಾಚೆಯ ಗುಡ್ಡದ ನೆತ್ತಿಯ ಮೇಲೆ ಕಾಲದ ಚಕ್ರ ಇತ್ತು. ಅದು ಎಷ್ಟು ದೊಡ್ಡದೆಂದರೆ ಅದರ ಒಂದು ಆರೆಕಾಲಿನ, ಅಂದರೆ ಒಳಗಿನ ಒಂದು ಕಡ್ಡಿಯ, ನೆರಳಿನಲ್ಲಿ ಇಡೀ ಊರು ಸಾಲಾಗಿ ಕೂತು ಉಣ್ಣಬಹುದಿತ್ತು. ಅದು ಒಂದು ಸುತ್ತು ಬಂದರೆ ಒಂದು ದಿನ. ಅದನ್ನು ಮಾಡಿದವರು ಯಾರೋ, ಯಾರಿಗೂ ಗೊತ್ತಿಲ್ಲ. ಗಾಡಿಯ ಚಕ್ರ ಕಳಚಿ ಬೀಳದಿರಲಿ ಎಂದು ಅಚ್ಚಿನ ತುದಿಗೆ ಒಂದು ಕೀಲು ಹೊಡೆದಿರುತ್ತಾರಲ್ಲ, ಕಡಾಣಿ ಅನ್ನುತ್ತಾರೆ, ಕಾಲದ ಚಕ್ರಕ್ಕೂ ಅಂಥದ್ದೊಂದು ಇತ್ತು. ಕಡಾಣಿ ನೋಡಲು ಸಣ್ಣ ವಸ್ತು. ಅದಿಲ್ಲದಿದ್ದರೆ ಅರಸನ ರಥವೂ ಹಳ್ಳಕ್ಕೆ.

ಆ ರಾಜ್ಯದಲ್ಲಿ ಮಬ್ಬಯ್ಯ ಅಂತ ಒಬ್ಬ ಮಾಯಗಾರ. ಒಳ್ಳೇ ಹರೆಯ, ಗುಂಗುರು ಕೂದಲು. ಕನ್ನಡಿ ನೋಡಿಕೊಂಡು ನೋಡಿಕೊಂಡು, ಈ ಮುಖಕ್ಕೆ ಮುಪ್ಪು ಬರಬಾರದು ಅನ್ನಿಸಿತು ಅವನಿಗೆ. ಗುಡ್ಡ ಹತ್ತಿದ, ಕಾಲದ ಕಡಾಣಿಯನ್ನು ಕಿತ್ತ, ಮೂರು ತುಂಡು ಮಾಡಿದ. ಒಂದು ತುಂಡನ್ನು ತನ್ನ ತೋಟದಲ್ಲಿ ಹೂಳಿದ; ಅಲ್ಲಿ ಎಲೆ ಉದುರದ ಮರ ಎದ್ದಿತು. ಒಂದು ತುಂಡನ್ನು ತನ್ನ ಕೋಣಕ್ಕೆ ತಿನ್ನಿಸಿದ. ಅದಕ್ಕೆ ಸವೆಯದ ಕೊಂಬು ಬಂತು. ಇನ್ನೊಂದು ತುಂಡನ್ನು ತನ್ನ ಮನೆಯ ದೀಪದೊಳಗೆ ಹಾಕಿದ. ಆ ದೀಪದ ಎಣ್ಣೆ ಮುಗಿಯದೆ ಉರಿಯಿತು. ಈ ಮೂರು ಇರುವತನಕ ಮಬ್ಬಯ್ಯನಿಗೆ ಮುಪ್ಪಿಲ್ಲ. ಇದನ್ನು ಅವನೇ ಸಂತೆಯಲ್ಲಿ ನಿಂತು ಜಂಬ ಕೊಚ್ಚಿಕೊಳ್ಳುತ್ತಿದ್ದ. ಕಸಿದುಕೊಳ್ಳಲು ಹೋದವರು ಒಬ್ಬರೂ ತಿರುಗಿ ಬರಲಿಲ್ಲ.

ಅಂದಿನಿಂದ ಕಾಲದ ಚಕ್ರ ಅಚ್ಚಿನ ಮೇಲೆ ಒಮ್ಮೆ ಒಳಕ್ಕೆ ಸರಿಯುವುದು, ಒಮ್ಮೆ ಹೊರಕ್ಕೆ ಸರಿಯುವುದು. ಸರಿದಾಗಲೆಲ್ಲ ಕಿರ್ರ್ ಎಂದು ಸದ್ದು. ಆ ಸದ್ದು ಕೇಳಿದರೆ ತಾಯಂದಿರು ಮಕ್ಕಳನ್ನು ಅವಚಿಕೊಂಡು ಕಣ್ಣು ಮುಚ್ಚುತ್ತಿದ್ದರು. ತೆರೆದಾಗ ತೋಳಿನಲ್ಲಿ ಯಾರಿರುತ್ತಾರೋ!

ಆ ಊರಿನ ಕೆಳಬೀದಿಯಲ್ಲಿ ಮಾಚೋಜ ಎಂಬ ಗಾಡಿ ಬಡಗಿ ಇದ್ದ. ಹೆಂಡತಿ ಸಂಕವ್ವ, ಆರು ವರ್ಷದ ಮಗಳು ನಿಂಗಿ. ಮಾಚೋಜ ಮಾಡಿದ ಗಾಡಿಯನ್ನು ಬೆಟ್ಟದ ಮೇಲಿಂದ ಉರುಳಿಸಿದರೂ ಕೆಳಗೆ ಬಂದು ತಾನಾಗಿ ಮನೆ ಬಾಗಿಲಿಗೆ ನಿಲ್ಲುತ್ತಿತ್ತು. ಅವನ ಕುಲದಲ್ಲಿ ಒಂದು ಪದ್ಧತಿ. ಹೊಸ ಗಾಡಿಗೆ ಕಡಾಣಿ ಕೂರಿಸುವಾಗ ಮೊದಲ ಏಟು ಗಾಡಿಯ ಯಜಮಾನನದು. ಅವನು ಕೈ ಚಾಚಿದರೆ ಬಡಗಿ ತನ್ನ ಮರದ ಸುತ್ತಿಗೆಯನ್ನು, ಕೊಡತಿಯನ್ನು, ತಿರುಗಿಸಿ, ಹಿಡಿಯನ್ನು ಮುಂದೆ ಮಾಡಿ ಕೊಡಬೇಕು. ತಾನೇ ಹೊಡೆದರೆ ಗಾಡಿಯನ್ನು ಕದ್ದ ಹಾಗೆ. ಅಪ್ಪ ಬೈರೋಜ ಮಾಚೋಜನ ಎಳೆಯ ಕೈಗೆ ಇದನ್ನು ಎಷ್ಟು ಸಾರಿ ಮಾಡಿಸಿದ್ದನೆಂದರೆ, ಕೈಗೆ ಅದು ಉಸಿರಾಡಿದಷ್ಟೇ ಸಲೀಸಾಗಿತ್ತು.

ಒಂದು ಬೆಳಗ್ಗೆ ಒಲೆ ಹೊತ್ತಿಸಲು ಬೆಂಕಿ ಇರಲಿಲ್ಲ. "ಹೋಗು ಮಗಾ, ಪಕ್ಕದ ಮನೆ ದೇವೀರಕ್ಕನ ಹತ್ರ ಎರಡು ಕೆಂಡ ಇಸ್ಕೊಂಡು ಬಾ," ಎಂದು ಮಾಚೋಜ ನಿಂಗಿಯ ಕೈಗೆ ಒಡೆದ ಮಡಕೆಯ ಬೋಕಿ ಕೊಟ್ಟು ಕಳಿಸಿದ. ಅವಳು ಕುಣಿಯುತ್ತ ಹೋದಳು. ಗುಡ್ಡದ ಮೇಲೆ ಕಿರ್ರ್ ಎಂದಿತು. ಚಕ್ರ ಹೊರಕ್ಕೆ ಸರಿಯಿತು.

ಬಾಗಿಲಿಗೆ ಒಬ್ಬ ಮುದುಕಿ ಬಂದು ನಿಂತಳು. ಬೆನ್ನು ಬಾಗಿತ್ತು. ಕೈಯಲ್ಲಿ ಅದೇ ಬೋಕಿ, ಬೋಕಿಯಲ್ಲಿ ಬೂದಿ.

"ಅಪ್ಪಾ," ಎಂದಳು ಮುದುಕಿ, ಅಳುಮುಖ ಮಾಡಿಕೊಂಡು. "ಕೆಂಡ ಆರೋಯ್ತು."

ಮೈ ಮುದುಕಿಯದು, ಮನಸ್ಸು ಆರು ವರ್ಷದ್ದೇ. ಚಕ್ರ ಒಳಕ್ಕೆ ಸರಿದಾಗ ಮತ್ತೆ ಕೂಸಾಗುತ್ತಿದ್ದಳು, ಹೊರಕ್ಕೆ ಸರಿದಾಗ ಮುದುಕಿ. ಮೂಳೆ ಬೆಳೆದು ಮುರಿದು ಮತ್ತೆ ಚಿಕ್ಕದಾಗುವಾಗ ಹಲ್ಲು ಕಚ್ಚಿ ನರಳುತ್ತಿದ್ದಳು. ಹಲ್ಲಿಲ್ಲದಾಗ ವಸಡು ಕಚ್ಚಿ. ನೋವು ಮರೆಯಲು ಹಿತ್ತಿಲಲ್ಲಿ ಸೋರೆ ಬೀಜ ನೆಡುತ್ತಿದ್ದಳು. ಬೆಳಗ್ಗೆ ಮೊಳಕೆ ಬಂದರೆ ಮಧ್ಯಾಹ್ನಕ್ಕೆ ಅದು ಬೀಜದೊಳಕ್ಕೆ ಹೋಗಿ ಮಲಗುತ್ತಿತ್ತು.

ದೇವೀರಕ್ಕ ಬೇಲಿಯಾಚೆಯಿಂದ ಕೇಳುತ್ತಿದ್ದಳು: "ಏನ್ ಸಂಕವ್ವ, ನಿಮ್ಮತ್ತೆ ಬಂದವ್ರಾ?"

"ಹೂಂ ಕಣಕ್ಕ, ನಿಮ್ಮನೆ ಕೆಂಡ ತಿಂದು ಬಂದವ್ರೆ," ಎಂದು ಸಂಕವ್ವ ಒಳಗೆ ಹೋಗಿ ಸೆರಗಿನಿಂದ ಬಾಯಿ ಮುಚ್ಚಿಕೊಳ್ಳುತ್ತಿದ್ದಳು.

ಆ ರಾಜ್ಯದ ದೊರೆ ಗಜಮಲ್ಲ. ಅವನದು ನಿಂಗಿಗೆ ತಿರುಗುಮುರುಗು. ಚಕ್ರ ಹೊರಕ್ಕೆ ಸರಿದಾಗ ಕಪ್ಪು ಮೀಸೆಯ ತರುಣ, ಒಳಕ್ಕೆ ಸರಿದಾಗ ಗೂರಲು ಕೆಮ್ಮಿನ ಮುದುಕ. ಕಾಲವನ್ನು ಅಲುಗದಂತೆ ಮಾಡಿದವರಿಗೆ ಕೇಳಿದ್ದು ಕೊಡುತ್ತೇನೆ ಎಂದು ಅವನು ಡಂಗುರ ಹೊಡೆಸಿದ. ಮಾಚೋಜ ಮಗಳ ಕೈ ಹಿಡಿದು ಅರಮನೆಗೆ ಹೋದ. ಆಗ ಚಕ್ರ ಒಳಗಿತ್ತು. ನಿಂಗಿ ಕೂಸು, ದೊರೆ ಮುದುಕ.

"ಬುದ್ಧಿ, ಕಡಾಣಿ ನಾನು ಮಾಡ್ತೀನಿ. ನನಗೆ ಚಿನ್ನ ಬೇಡ, ಹೊಲ ಬೇಡ. ನನ್ನ ಮಗಳು ಹಿಂಗೆ ಚಿಕ್ಕವಳಾಗಿರೋ ಗಳಿಗೇಲಿ ಅದನ್ನ ಹೊಡೀಬೇಕು. ಹೊಡೆದ ಗಳಿಗೆ ಯಾವುದೋ ಅದೇ ಎಲ್ಲರಿಗೂ ನಿಲ್ಲುತ್ತೆ. ಅಲ್ಲಿಂದ ಮುಂದಕ್ಕೆ ಕಾಲ ನೆಟ್ಟಗೆ ಹೋಗುತ್ತೆ."

ದೊರೆ ಕೆಮ್ಮಿದ. ಕೆಮ್ಮಿ ಕೆಮ್ಮಿ ಕಣ್ಣೀರು ಒರೆಸಿಕೊಂಡ. ನಡುಗುವ ಕೈಯನ್ನು ನಿಂಗಿಯ ತಲೆಯ ಮೇಲಿಟ್ಟ. "ನನ್ನದೇನಯ್ಯಾ, ಉಂಡಿದ್ದಾಯ್ತು. ಈ ಮಗು ಬದುಕಲಿ. ಮಾತು ಕೊಟ್ಟೆ."

ಮುದುಕ ಕೊಟ್ಟ ಮಾತು ಅದು. ಮಾಚೋಜ ಅದನ್ನು ದೊರೆ ಕೊಟ್ಟ ಮಾತು ಎಂದುಕೊಂಡ.

ಮೊದಲು ಹುಣಸೆಯ ಕೊರಡಿನಲ್ಲಿ ಕಡಾಣಿ ಮಾಡಿದ. ಚಕ್ರ ಒಮ್ಮೆ ಸರಿಯಿತು, ಅದು ಹುಣಸೆ ಸಸಿಯಾಯಿತು. ಕಬ್ಬಿಣದಲ್ಲಿ ಮಾಡಿದ, ಚಕ್ರ ಸರಿಯಿತು, ಕಬ್ಬಿಣ ಕೆಂಪು ಪುಡಿಯಾಗಿ ಉದುರಿತು. ಕಾಲ ಮುಟ್ಟದ ಸಾಮಾನು ಬೇಕು. ಅದಿದ್ದದ್ದು ಮಬ್ಬಯ್ಯನ ಹತ್ತಿರ ಮಾತ್ರ. ಮಾಚೋಜ ಕೊಡಲಿ, ಉಳಿ, ಬೆಣೆ, ಕೊಡತಿ ಕಟ್ಟಿಕೊಂಡು ಹೊರಟ.

ಮೊದಲು ತೋಟ. ಎಲೆ ಉದುರದ ಮರಕ್ಕೆ ಒಂದು ಮುಸುವ ಕೋತಿ ಕಾವಲು. ಅದರ ಮುಖ ಕಪ್ಪು, ಅಂಗೈ ಬಿಳಿ. ಮಾಚೋಜ ಕೊಡಲಿ ಬೀಸಿದ. ಮುಸುವ ಅಂಗೈ ತೋರಿಸಿತು. ಕಡಿದ ಗಾಯ ಕೂಡಿಕೊಂಡಿತು, ಕೊಡಲಿ ಹಿಂದಕ್ಕೆ ಹಾರಿ ಹೆಗಲಿಗೆ ಬಂದು ಕೂತಿತು. ಮತ್ತೆ ಬೀಸಿದ, ಮತ್ತೆ ಹಾಗೇ. ಮುಸುವ ಹಲ್ಲು ಕಿಸಿಯಿತು. ಮಾಚೋಜ ಕೊಡಲಿ ಕೆಳಗಿಟ್ಟ. ಕೊಂಬೆಯ ಸಂದಿಯಲ್ಲೊಂದು ಬಿರುಕಿತ್ತು. ಅದರೊಳಕ್ಕೆ ಒಣಗಿದ ಬೆಣೆಗಳನ್ನು ಸುಮ್ಮನೆ ಸಿಕ್ಕಿಸಿ, ಮೇಲೆ ನೀರು ಸುರಿದು, ಮುಸುವದ ಪಕ್ಕದಲ್ಲೇ ಕೂತು ಅದರ ಬೆನ್ನಿನ ಹೇನು ಹೆಕ್ಕತೊಡಗಿದ. ಬೆಣೆ ನೀರು ಕುಡಿಯಿತು, ಉಬ್ಬಿತು. ಬೀಸುವುದನ್ನು ತಡೆಯಲು ಗೊತ್ತಿದ್ದ ಮುಸುವಕ್ಕೆ ಉಬ್ಬುವುದು ಕಾಣಲಿಲ್ಲ. ಚಟ್ ಎಂದು ಕೊಂಬೆ ತಾನಾಗಿ ಸೀಳಿ ಬಿತ್ತು. ಮರದ ಎಲೆಯೆಲ್ಲ ಒಟ್ಟಿಗೆ ಉದುರಿ ಮುಸುವವನ್ನು ಮುಚ್ಚಿಬಿಟ್ಟಿತು. ಆ ರಾಶಿಯ ಮೇಲೆ ನಮ್ಮ ಮುತ್ತಜ್ಜನ ಮುತ್ತಜ್ಜ ಮಳೆಗಾಲವೆಲ್ಲ ಮಲಗಿದ್ದನಂತೆ, ಆದರೂ ಅದು ಸವೆಯಲಿಲ್ಲ.

ಮಬ್ಬಯ್ಯ ಓಡಿ ಬಂದ. ಗುಂಗುರು ಕೂದಲಲ್ಲಿ ಅಲ್ಲಲ್ಲಿ ಬಿಳಿ ಮಿಂಚುತ್ತಿತ್ತು.

"ಎಲಾ ಬಡಗಿ, ನಿನಗೇನು ಬೇಕು?"

"ನನ್ನ ಮಗಳ ವಯಸ್ಸು."

"ಅದಕ್ಕೆ ನನ್ನ ವಯಸ್ಸು ಕೀಳ್ತೀಯಾ?"

"ನೀನು ಎಲ್ಲರದ್ದೂ ಕಿತ್ತೆಯಲ್ಲ," ಎಂದು ಮಾಚೋಜ ಕೊಂಬೆಯನ್ನು ಹೆಗಲಿಗೇರಿಸಿದ.

ಎರಡನೆಯದು ಹುಲ್ಲುಗಾವಲು. ಅಲ್ಲಿ ಯಾವಾಗಲೂ ಸುಡು ಮಧ್ಯಾಹ್ನ. ನಡುವೆ ಕೋಣ. ಹತ್ತಿರ ಹೋದವರ ವಯಸ್ಸನ್ನು ಅದು ಉಸಿರಿನಲ್ಲೇ ಎಳೆದುಕೊಳ್ಳುತ್ತಿತ್ತು. ಮಾಚೋಜ ಒಂದು ಹೆಜ್ಜೆ ಇಟ್ಟ, ಮೀಸೆ ಹೋಯಿತು. ಇನ್ನೊಂದು ಹೆಜ್ಜೆ, ಪಂಚೆ ಸಡಿಲವಾಗಿ ಜಾರಿತು. ಕೊನೆಗೆ ಅಂಬೆಗಾಲಿನ ಕೂಸಾಗಿ ಕೋಣದ ಮೂತಿಯ ಕೆಳಗೆ ಕೂತ. ಕತ್ತಿ ಹಿಡಿದು ಬಂದವರನ್ನು ತಿವಿದು ಗೊತ್ತಿದ್ದ ಕೋಣಕ್ಕೆ ಕೂಸನ್ನು ಏನು ಮಾಡಬೇಕೆಂದು ತಿಳಿಯಲಿಲ್ಲ. ಕೂಸು ಕೊಂಬನ್ನು ಹಿಡಿಯಿತು, ಅದರ ಬುಡವನ್ನು ಕೆರೆಯಿತು. ಆ ಕೊಂಬಿನ ಬುಡ ಎಷ್ಟು ಕಾಲದಿಂದ ನವೆಯುತ್ತಿತ್ತೋ! ಕೋಣ ಕಣ್ಣು ಮುಚ್ಚಿತು, ಮೊಣಕಾಲೂರಿತು, ನಿದ್ದೆಹೋಯಿತು. ನಿದ್ದೆ ಬಂದ ಕೂಡಲೇ ಅದಕ್ಕೂ ಕಾಲ ಶುರುವಾಯಿತು. ಕೊಂಬು ಹಣ್ಣಾದ ಕಾಯಿಯ ಹಾಗೆ ಕಳಚಿ ಕೂಸಿನ ತೊಡೆಯ ಮೇಲೆ ಬಿತ್ತು. ಮಾಚೋಜನ ವಯಸ್ಸು ಒಂದೇ ಏಟಿಗೆ ತಿರುಗಿ ಬಂತು. ಎಡಗಡೆಯ ಮೀಸೆ ಮಾತ್ರ ಸ್ವಲ್ಪ ತಡವಾಗಿ ಬಂತು.

ಮಬ್ಬಯ್ಯ ನಡೆದು ಬಂದ. ಹೊಟ್ಟೆ ಬಂದಿತ್ತು, ನೆತ್ತಿ ಬೋಳಾಗಿತ್ತು.

"ಎಲಾ ಬಡಗಿ, ಇನ್ನೂ ಏನು ಬೇಕು?"

"ನನ್ನ ಮಗಳ ವಯಸ್ಸು."

"ಕೊಂಬು ತಗೊಂಡೆಯಲ್ಲ, ಮನೆಗೆ ಹೋಗು. ನನಗೆ ಇಷ್ಟಾದರೂ ಉಳಿಸು."

"ನನ್ನ ಮಗಳಿಗೆ ಹಲ್ಲೂ ಉಳಿದಿಲ್ಲ," ಎಂದು ಮಾಚೋಜ ಪಂಚೆ ಬಿಗಿದುಕೊಂಡು ಮುಂದೆ ನಡೆದ.

ಮೂರನೆಯದು ಮಬ್ಬಯ್ಯನ ಮನೆ. ನಡುಮನೆಯಲ್ಲಿ ಎಣ್ಣೆ ಮುಗಿಯದ ದೀಪ. ಅದರ ಸುತ್ತ, ಕಸಿಯಲು ಬಂದವರೆಲ್ಲ ಕೂತಿದ್ದರು. ಮೈಮೇಲೆ ಧೂಳು, ಮುಖದಲ್ಲಿ ನಗು, ಕಣ್ಣು ಎವೆಯಿಕ್ಕದೆ ದೀಪದ ಕಡೆ. ಆ ಬೆಳಕು ಒಬ್ಬೊಬ್ಬರಿಗೆ ಅವರವರ ಪ್ರಾಣದಂಥ ಗಳಿಗೆಯನ್ನು ತೋರಿಸುತ್ತಿತ್ತು. ಎದ್ದು ಹೋಗಲು ಯಾರಿಗೆ ಮನಸ್ಸು ಬರುತ್ತದೆ?

ಮಾಚೋಜನಿಗೂ ತೋರಿಸಿತು. ಕೆಳಬೀದಿಯ ಬೆಳಗು. ದೇವೀರಕ್ಕನ ಮನೆ ಕಡೆಯಿಂದ ನಿಂಗಿ ಓಡಿ ಬರುತ್ತಿದ್ದಾಳೆ, ಕೂಸು ನಿಂಗಿ, ಬೋಕಿಯಲ್ಲಿ ನಿಗಿನಿಗಿ ಕೆಂಡ. "ಅಪ್ಪಾ, ತಂದೆ! ಆರಿಸದೆ ತಂದೆ!" ಮಾಚೋಜ ಮೊಣಕಾಲೂರಿ ತೋಳು ಚಾಚಿದ. ಅವಳು ಓಡಿ ಬಂದಳು, ಓಡಿ ಬಂದಳು, ಓಡಿ ಬರುತ್ತಲೇ ಇದ್ದಳು. ಎಷ್ಟು ಹೊತ್ತು ತೋಳು ಚಾಚಿದ್ದನೋ, ತೋಳಿನ ಮೇಲೆ ಧೂಳು ಕೂರತೊಡಗಿತು.

ಆಗ ಅವನ ಕಣ್ಣು ಬೋಕಿಯ ಮೇಲೆ ಬಿತ್ತು. ಅಷ್ಟು ಓಡಿದರೂ ಕೆಂಡಕ್ಕೆ ಒಂದಿಷ್ಟು ಬೂದಿ ಹಿಡಿದಿರಲಿಲ್ಲ. ಗಾಳಿಗೆ ಸಿಕ್ಕ ಕೆಂಡ ಬೂದಿ ಹಿಡಿಯದೆ ಇರುತ್ತದೆಯೇ? ಮಾಚೋಜ ಬಿಕ್ಕಿದ. ತನ್ನ ಕೈಯಾರೆ ದೀಪವನ್ನು ವಾಲಿಸಿ, ಎಣ್ಣೆಯನ್ನು ಬಿದಿರ ಕೊಳವೆಗೆ ಸುರಿದುಕೊಂಡ. ಓಡಿ ಬರುತ್ತಿದ್ದ ಮಗಳು ದಾರಿಯಲ್ಲೇ ಆರಿಹೋದಳು. ಸುತ್ತ ಕೂತವರು ಎಚ್ಚೆತ್ತು, ಧೂಳು ಕೊಡವಿ, ಇವನನ್ನು ಬೈಯುತ್ತ ಮನೆಗೆ ಹೋದರು. ಒಬ್ಬನೂ ಕೈ ಮುಗಿಯಲಿಲ್ಲ.

ಮಬ್ಬಯ್ಯ ತೆವಳಿಕೊಂಡು ಬಂದ. ಮುನ್ನೂರು ವರ್ಷದ ಮುಪ್ಪು ಒಟ್ಟಿಗೆ ಅವನ ಬೆನ್ನೇರಿ ಕೂತಿತ್ತು. ಆದರೂ ನಕ್ಕ.

"ಎಲಾ ಬಡಗಿ, ಕೀಳೋಕೆ ನಾನೊಬ್ಬನೇ ಇದ್ದೆ. ಹೊಡೆಯೋಕೆ ಎಷ್ಟು ಕೈ ಬರ್ತವೆ, ನೋಡ್ತಿರು." ಅಷ್ಟು ಹೇಳಿ ಬೂದಿಯಾದ. ಗಾಳಿ ಬಂತು, ಅದೂ ಹೋಯಿತು. ಮಾಯಗಾರನ ಕತೆ ಅಲ್ಲಿಗೆ ಮುಗಿಯಿತು. ಬೇರೆ ಕತೆಗಾರರಾದರೆ ಇಲ್ಲಿಗೇ ಮಂಗಳ ಹಾಡಿಬಿಡುತ್ತಾರೆ. ನನಗೆ ಅರ್ಧ ಕತೆ ಹೇಳಿ ರೂಢಿಯಿಲ್ಲ.

ಮಾಚೋಜ ಮನೆಗೆ ಬಂದು ಕೆಲಸಕ್ಕೆ ಕೂತ. ಎಲೆ ಉದುರದ ಮರದಲ್ಲಿ ಕಡಾಣಿ ಕೆತ್ತಿದ. ಕೋಣದ ಕೊಂಬನ್ನು ಬಿಸಿಮಾಡಿ, ಬಗ್ಗಿಸಿ, ಒಂದು ಕಡೆ ಸೀಳಿದ ಬಳೆ ಮಾಡಿದ. ಮುಗಿಯದ ಎಣ್ಣೆಗೆ ಸುಟ್ಟ ಹುಲ್ಲಿನ ಮಸಿ ಕಲಸಿ ಕೀಲೆಣ್ಣೆ ಮಾಡಿದ. ಸಾಮಾನ್ಯ ಕಡಾಣಿ ಚಕ್ರ ಪೂರ್ತಿ ಒಳಗೆ ಕೂತಾಗ ಮಾತ್ರ ಹೋಗುತ್ತದೆ. ಈ ಚಕ್ರ ಎಲ್ಲೂ ಕೂರುವ ಪೈಕಿಯಲ್ಲ. ಅದಕ್ಕೇ ಮಾಚೋಜ ಈ ಹಿಕಮತ್ತು ಮಾಡಿದ್ದು: ಬಳೆಯ ಸೀಳಿಗೆ ಕಡಾಣಿ ಹೊಡೆದರೆ ಬಳೆ ಬಿಗಿದು, ಚಕ್ರ ಎಲ್ಲಿದ್ದರೆ ಅಲ್ಲೇ ಅಚ್ಚನ್ನು ಕಚ್ಚಿಕೊಳ್ಳುತ್ತದೆ. ಅಂಥ ಕೆಲಸ ಅದಕ್ಕೆ ಮೊದಲು ಯಾರೂ ಮಾಡಿರಲಿಲ್ಲ, ಆಮೇಲೂ ಮಾಡಲಿಲ್ಲ.

ಸಂಕವ್ವ ಪಕ್ಕದಲ್ಲಿ ನಿಂತು ನೋಡಿದಳು. "ಏನೂಂದ್ರೆ, ಎಲ್ಲಿದ್ರೂ ಕಚ್ಚೋದಾ? ಬ್ಯಾಡದ ಕಡೆ ಕಚ್ಕೊಂಡ್ರೆ?"

"ಕೊಡತಿ ಯಾರ ಕೈಲಿರುತ್ತೆ ಹೇಳು? ನನ್ನ ಕೈಲಿ ತಾನೆ?"

"ಒಳಗೆ ಕೂತಾಗ ಮಾತ್ರ ಹಿಡಿಯೋ ಹಂಗೆ ಮಾಡಬಾರದಾ?"

"ಅದನ್ನ ಯಾವ ಬಡಗಿಯಾದ್ರೂ ಮಾಡ್ತಾನೆ ಕಣೇ," ಎಂದು ಮಾಚೋಜ ಮೀಸೆ ತಿರುವಿದ.

ಹೊಡೆಯುವ ದಿನ ಬಂತು. ಇಡೀ ರಾಜ್ಯ ಗುಡ್ಡ ಹತ್ತಿತು. ಜನ ಆರೆಕಾಲುಗಳಿಗೆ ಹಗ್ಗ ಕಟ್ಟಿ ಹಿಡಿದರು. ಚಕ್ರ ಆಗ ಹೊರಗಿತ್ತು. ನಿಧಾನವಾಗಿ ಒಳಕ್ಕೆ ಎಳೆಯಬೇಕು. ನಿಂಗಿ ಮುದುಕಿಯಾಗಿ ಒಂದು ಬಂಡೆಯ ಮೇಲೆ ಕಂಬಳಿ ಹೊದ್ದು ಕೂತಿದ್ದಳು. ಅವಳು ಕೂಸಾದ ಕೂಡಲೇ ಸಂಕವ್ವ 'ಈಗ' ಎಂದು ಕೂಗಬೇಕು, ಮಾಚೋಜ ಹೊಡೆಯಬೇಕು. ಅಷ್ಟೇ ಕೆಲಸ. ಮಾಚೋಜ ಅಚ್ಚಿಗೆ ಎಣ್ಣೆ ಸವರಿ, ಬಳೆ ಏರಿಸಿ, ಸೀಳಿನ ಬಾಯಿಗೆ ಕಡಾಣಿಯ ಮೊನೆ ಇಟ್ಟು, ಕೊಡತಿ ಎತ್ತಿ ನಿಂತ. ಕಣ್ಣು ಮಗಳ ಮೇಲೆ.

"ಎಳೀರಪ್ಪೋ!"

ಚಕ್ರ ಕಿರ್ರ್ ಎಂದಿತು. ನಿಂಗಿಯ ಬೆಳ್ಳಗಿನ ಜಡೆಯ ತುದಿ ಆಗತಾನೇ ಕಪ್ಪಾಗತೊಡಗಿತ್ತು.

ದೊರೆ ಗಜಮಲ್ಲ ಪಕ್ಕಕ್ಕೆ ಬಂದು ನಿಂತ. ತರುಣ, ಕಪ್ಪು ಮೀಸೆ, ರೇಷ್ಮೆ ನಡುಕಟ್ಟು. ಆ ಮೀಸೆಯ ತುದಿಯೂ ಆಗತಾನೇ ಬೆಳ್ಳಗಾಗತೊಡಗಿತ್ತು. ಅವನು ಅದನ್ನು ಬೆರಳಿನಲ್ಲಿ ಹಿಡಿದು ನೋಡಿಕೊಂಡ. ಆಮೇಲೆ ಮೆತ್ತಗೆ ಕೇಳಿದ: "ಬಂಡಿ ಯಾರದಯ್ಯಾ, ಬಡಗಿ?"

"ತಮ್ಮದೇ, ಬುದ್ಧಿ," ಎಂದ ಮಾಚೋಜ, ಮಗಳಿಂದ ಕಣ್ಣು ತೆಗೆಯದೆ.

ದೊರೆ ಕೈ ಚಾಚಿದ.

ಮಾಚೋಜನ ಕೈ ಕೊಡತಿಯನ್ನು ತಿರುಗಿಸಿತು. ಹಿಡಿಯನ್ನು ಮುಂದೆ ಮಾಡಿತು. ಕೊಟ್ಟುಬಿಟ್ಟಿತು. ಮಾಚೋಜ ಕೊಡಲಿಲ್ಲ, ಅವನ ಕೈ ಕೊಟ್ಟಿತು. ಏನಾಯಿತೆಂದು ತಲೆಗೆ ಹೋಗುವಷ್ಟರಲ್ಲಿ ದೊರೆ ಎತ್ತಿ ಹೊಡೆದಾಗಿತ್ತು.

ಠಕ್.

ಬಳೆ ಕಚ್ಚಿಕೊಂಡಿತು. ಕಿರುಗುಟ್ಟುವುದು ನಿಂತಿತು. ಗುಡ್ಡದ ಮೇಲಿನ ಗಾಳಿ ಒಂದೇ ದಿಕ್ಕಿಗೆ ಬೀಸಿತು. ಸಂಕವ್ವನ 'ಈಗ' ಬಾಯಲ್ಲೇ ಉಳಿಯಿತು. ಬಂಡೆಯ ಮೇಲೆ ಮುದುಕಿ ಕೂತೇ ಇದ್ದಳು.

"ಸ್ವಲ್ಪ ಮುಂಚೆ ಆಯ್ತೇನೋ," ಎಂದ ದೊರೆ, ಮೀಸೆ ತೀಡುತ್ತ. "ನಾನೇನು ಬಡಗಿಯೇ, ಹದ ಗೊತ್ತಾಗೋಕೆ?" ಸುತ್ತಲಿದ್ದವರು ನಕ್ಕರು. ದೊರೆ ನಕ್ಕಾಗ ನಗಬೇಕಲ್ಲ.

ಮಾಚೋಜ ಕಡಾಣಿ ಕೀಳಲು ನುಗ್ಗಿದ. ಅವನನ್ನು ಹಿಡಿದವರು ಸೈನಿಕರಲ್ಲ. ದೇವೀರಕ್ಕ ಹಿಡಿದಳು. ಚಕ್ರ ಒಳಗಿದ್ದಾಗ ಸತ್ತಿರುತ್ತಿದ್ದ ಅವಳ ಮಗ, ಹೊರಗಿದ್ದಾಗ ಬದುಕಿರುತ್ತಿದ್ದ. ಈಗ ಅವಳ ಸೆರಗು ಹಿಡಿದು ನಿಂತಿದ್ದ. "ಬ್ಯಾಡ ಕಣಣ್ಣ, ಕೈ ಮುಗೀತೀನಿ. ಇಷ್ಟು ಜನಕ್ಕೆ ಒಳ್ಳೇದಾಗೈತೆ. ನಿಮ್ಮ ಮನೆ ಒಂದಕ್ಕೆ ತಾನೆ, ಹೋಗ್ಲಿ ಬಿಡಣ್ಣ." ಉಳಿದವರೂ ಹಿಡಿದರು. ಮೆತ್ತಗೆ ಹಿಡಿದರು, ಅಣ್ಣ ಅಣ್ಣ ಅನ್ನುತ್ತಲೇ ಹಿಡಿದರು. ಅವರೆಲ್ಲರ ಗಾಡಿಯನ್ನೂ ಮಾಡಿಕೊಟ್ಟವನು ಅವನೇ.

ದೊರೆ ಅವನಿಗೆ ಶಾಲು ಹೊದಿಸಿದ. ಇನ್ನು ಮೇಲೆ ಎಲ್ಲರೂ ಸುಖವಾಗಿರಬೇಕು ಎಂದು ಡಂಗುರ ಹೊಡೆಸಿದ. ಎಲ್ಲರೂ ಸುಖವಾಗಿದ್ದರು. ಸುಳ್ಳು ಯಾಕೆ ಹೇಳಲಿ, ನಿಜವಾಗಿಯೂ ಸುಖವಾಗಿದ್ದರು. ಇಟ್ಟ ಅನ್ನ ಬೆಂದಿತು, ಬಿತ್ತಿದ್ದು ಬೆಳೆಯಿತು, ಮಲಗಿದ್ದ ಕಡೆಯೇ ಜನ ಬೆಳಗ್ಗೆ ಎದ್ದರು. ಮಾಚೋಜನನ್ನು ದಾರಿಯಲ್ಲಿ ಕಂಡರೆ ಮಾತ್ರ ಆ ಕಡೆ ತಿರುಗಿಕೊಂಡು ಹೋಗುತ್ತಿದ್ದರು.

ಮನೆಯಲ್ಲಿ ಸಂಕವ್ವ ಒಂದು ದಿನ ಉಪ್ಪಿಲ್ಲದ ಮುದ್ದೆ ಇಟ್ಟಳು. "ಕೊಡತಿ ಯಾರ ಕೈಲಿರುತ್ತೆ ಅಂದ್ರಿ?"

ಮಾಚೋಜ ಮುದ್ದೆ ಮುರಿದು ನುಂಗಿದ.

"ಆ ಕೈಗೆ ಕಟ್ಟೋದಂತೂ ಗೊತ್ತು, ಕೀಳೋದೂ ಗೊತ್ತಾ?"

"ಗೊತ್ತು."

"ಹಂಗಾದ್ರೆ ಕಿತ್ತು ಬನ್ನಿ. ಮಗಳನ್ನೂ ಕರ್ಕೊಂಡು ಹೋಗಿ. ಚಕ್ರ ಒಳಕ್ಕೆ ಬಂದಾಗ ಈ ಸಲ ನೀವೇ ಹೊಡೀರಿ. ಊರು ಹಾಳಾದ್ರೆ ಆಗ್ಲಿ."

ಮಾಚೋಜ ಮಗಳನ್ನು ಬೆನ್ನ ಮೇಲೆ ಕೂರಿಸಿಕೊಂಡು ಹಾಡಹಗಲಲ್ಲೇ ಗುಡ್ಡ ಹತ್ತಿದ. ಜನ ನೋಡಿದರು, ಬಡಗಿ ತಾಯಿಯನ್ನು ಹೊತ್ತು ಹೋಗುತ್ತಿದ್ದಾನೆ ಅಂದುಕೊಂಡರು. ಮೇಲೆ ಚಕ್ರ ಸದ್ದಿಲ್ಲದೆ ತಿರುಗುತ್ತಿತ್ತು. ಮಾಚೋಜ ಉಳಿ ತೆಗೆದು ಬಳೆಯ ಸೀಳಿಗೆ ಇಟ್ಟ. ಅದನ್ನು ಕೀಳುವ ಬಗೆ ಮಾಡಿದವನಿಗೆ ಮಾತ್ರ ಗೊತ್ತು. ಒಂದು ಸಲ ತಟ್ಟಿದ. ಕಡಾಣಿ ಒಂದು ಕೂದಲೆಳೆಯಷ್ಟು ಮೇಲೆದ್ದಿತು.

"ಏನು ಮಾಡ್ತಿದ್ದೀಯಪ್ಪಾ?"

"ಸಡಿಲ ಮಾಡ್ತಿದ್ದೀನಿ ಮಗಾ. ನೀನು ಮತ್ತೆ ಚಿಕ್ಕವಳಾಗ್ತೀಯ. ಬೆನ್ನು ನೋಯಲ್ಲ, ಓಡಬಹುದು."

ನಿಂಗಿ ಯೋಚಿಸಿದಳು. ಸುಕ್ಕುಗಟ್ಟಿದ ಮುಖದಲ್ಲಿ ಕಣ್ಣು ಮಾತ್ರ ಕೂಸಿನದು. "ನನ್ನ ಸೋರೆ ಬಳ್ಳಿ?"

"ಯಾವ ಬಳ್ಳಿ?"

"ಹಿತ್ತಿಲಲ್ಲಿ. ಈ ಸಲ ಒಳಗೆ ಹೋಗಲೇ ಇಲ್ಲ ಅಪ್ಪ! ಎರಡು ಎಲೆ ಬಿಡ್ತು, ಆಮೇಲೆ ಚಪ್ಪರಕ್ಕೆ ಕೈ ಚಾಚ್ತು. ಮೊಗ್ಗು ಬಂದೈತೆ. ನಾಳೆ ಅರಳುತ್ತೆ ಅಂದ್ಲು ಅವ್ವ. ನೀನು ಸಡಿಲ ಮಾಡಿದ್ರೆ ಅದು?"

ಮಾಚೋಜನ ಉಳಿ ಸೀಳಿನಲ್ಲೇ ನಿಂತಿತು.

"ಬೀಜದೊಳಕ್ಕೆ ಹೋಗುತ್ತಾ?"

"ಹೋಗುತ್ತೆ."

"ಹಂಗಾದ್ರೆ ಬ್ಯಾಡ," ಎಂದಳು ನಿಂಗಿ. ಹೇಳಿ, ಮತ್ತೆ ಅವನ ಬೆನ್ನು ಹತ್ತಲು ಕೈ ಚಾಚಿದಳು. "ಬಾ ಅಪ್ಪ, ನೀರು ಹಾಕ್ಬೇಕು ಅದಕ್ಕೆ."

ಮಾಚೋಜ ಕೊಡತಿ ಎತ್ತಿ, ಎದ್ದಿದ್ದ ಕಡಾಣಿಯನ್ನು ತಾನೇ ತಟ್ಟಿ ಕೂರಿಸಿದ. ಮಗಳನ್ನು ಹೊತ್ತು ಗುಡ್ಡ ಇಳಿದ. ಸಂಕವ್ವ ಬಾಗಿಲಲ್ಲಿ ನಿಂತು ನೋಡಿದಳು. ಮುದುಕಿಯನ್ನೇ ಹೊತ್ತು ತಂದದ್ದನ್ನು ಕಂಡಳು. ಒಂದು ಚೆಂಬು ನೀರು ತಂದು ಮಗಳ ಕೈಗೆ ಕೊಟ್ಟಳು.

ಬಳ್ಳಿ ಬಿಳಿ ಹೂ ಬಿಟ್ಟಿತು. ಹೂವಿನ ಕೆಳಗೆ ಕಾಯಿ ಕಟ್ಟಿತು. ನಿಂಗಿ ದಿನವೂ ಅದನ್ನು ಮುಟ್ಟಿ, ನಿನ್ನೆಗಿಂತ ದೊಡ್ಡದಾಗಿದೆ ಎಂದು ಕೇಕೆ ಹಾಕುತ್ತಿದ್ದಳು. ನಿನ್ನೆ ಎಂಬುದೊಂದು ಇರುವುದೇ ಅವಳಿಗೆ ಹಬ್ಬವಾಗಿತ್ತು. ಕಾಯಿ ಬಲಿತು ಸಿಪ್ಪೆ ಗಟ್ಟಿಯಾಗುವ ಹೊತ್ತಿಗೆ ನಿಂಗಿ ಹಾಸಿಗೆ ಹಿಡಿದಳು. ಒಂದು ಬೆಳಗ್ಗೆ ಕಾಯಿಯನ್ನು ತಬ್ಬಿಕೊಂಡೇ ಹೋದಳು. ಮುದುಕಿ ವಯಸ್ಸಾಗಿ ಸತ್ತಳು, ತುಂಬಾ ಬಾಳಿದ ಜೀವ ಎಂದರು ಊರಿನವರು. ಆರು ವರ್ಷದ ಮಗಳನ್ನು ಹೂತು ಬಂದವರ ಮನೆಗೆ ಬಂದು ಹಾಗೆಂದರು.

ದಿನಗಳು ಒಂದರ ಹಿಂದೊಂದು ಸಾಲಾಗಿ ಹೋದವು. ದೊರೆ ಗಜಮಲ್ಲನ ಮೀಸೆಯಲ್ಲಿ ಒಂದು ನರೆ ಕಂಡಿತು. ಕಿತ್ತುಹಾಕಿದ. ಇನ್ನೊಂದು ಬಂತು. ಒಂದು ದಿನ ಕೆಮ್ಮು ಬಂತು. ದೊರೆ ಗಾಬರಿಯಾಗಿ ಗುಡ್ಡಕ್ಕೆ ಓಡಿದ. ಮಾಚೋಜ ಅಲ್ಲೇ ಇದ್ದ. ಕಾಲದ ಚಕ್ರಕ್ಕೆ ಎಣ್ಣೆ ಹಾಕಲು ಅವನಲ್ಲದೆ ಬೇರೆ ಯಾರೂ ಇರಲಿಲ್ಲ.

"ಏನಯ್ಯಾ ಇದು ಮೋಸ! ನಿಂತು ಹೋಗುತ್ತೆ ಅಂದಿದ್ದೆಯಲ್ಲ. ನನಗೆ ಮುಪ್ಪು ಬರ್ತಾ ಇದೆ!"

"ಗಾಡಿ ನಿಲ್ಲಿಸೋಕೆ ಯಾರೂ ಕಡಾಣಿ ಹಾಕಲ್ಲ, ಬುದ್ಧಿ. ಓಡ್ಸೋಕೆ ಹಾಕೋದು."

ದೊರೆಯ ಮುಖ ಬಿಳಿಚಿತು. "ಹಾಗಾದರೆ ಕಿತ್ತು ಹಾಕು. ಈಗಲೇ. ಇನ್ನೊಂದು ಸಲ ಹೊಡೆಯೋಣ. ನಿನ್ನ ಮಗಳು..." ಅಂದು ನಾಲಗೆ ಕಚ್ಚಿಕೊಂಡ.

ಮಾಚೋಜ ಕೊಡತಿಯನ್ನು ತಿರುಗಿಸಿ ಹಿಡಿಯನ್ನು ಮುಂದೆ ಮಾಡಲಿಲ್ಲ. ಸೊಂಟಕ್ಕೆ ಸಿಕ್ಕಿಸಿಕೊಂಡ.

"ಹೊಡೆಯೋದು ಗಾಡಿಯವರದು, ಬುದ್ಧಿ. ಕೀಳೋದು ಬಡಗಿದು."

ದೊರೆ ಬೈದ, ಬೇಡಿದ, ಮಾಚೋಜನ ಕಾಲು ಮುಟ್ಟಲು ಬಂದ. ಕೆಮ್ಮಿ ಕೆಮ್ಮಿ ಬಂಡೆಯ ಮೇಲೆ ಕೂತ. ನಿಂಗಿ ಕೂತಿದ್ದ ಬಂಡೆ ಅದು. ಮಾಚೋಜ ಅವನ ಕಡೆ ತಿರುಗಲಿಲ್ಲ. ಹೆಗಲಿನಿಂದ ಒಂದು ಒಣಗಿದ ಸೋರೆ ಬುರುಡೆಯನ್ನು ಇಳಿಸಿ, ಅದರೊಳಕ್ಕೆ ಕೋಲು ಅದ್ದಿ, ಅಚ್ಚಿಗೆ ಕೀಲೆಣ್ಣೆ ಸವರಿದ. ಆ ಬುರುಡೆ ಅವನ ಮಗಳು ಬೆಳೆಸಿದ್ದು.

ಇಷ್ಟೇ ಕತೆ. ಮಾಯಗಾರ ಅಳಿದ, ದೊರೆ ಮುದುಕನಾದ, ಪ್ರಜೆಗಳು ಸುಖವಾಗಿ ಬಾಳಿದರು. ನಿಮಗೂ ನಾಳೆ ಬೆಳಗಾದ ಮೇಲೆ ನಾಡಿದ್ದು ಬರುತ್ತದಲ್ಲ, ಅದು ಮಾಚೋಜ ಹಾಕಿದ ಎಣ್ಣೆಯಿಂದ. ಅವನು ಈಗಲೂ ಹಾಕುತ್ತಿದ್ದಾನೆ. ನಾನು ಕಣ್ಣಾರೆ ನೋಡಿದ್ದೇನೆ, ಪಕ್ಕದಲ್ಲೇ ಕೂತು ಎಲೆಯಡಿಕೆ ಹಾಕಿಕೊಂಡಿದ್ದೇನೆ. ಬುರುಡೆ ಸ್ವಲ್ಪ ಮುಟ್ಟಿ ನೋಡಲಾ ಅಂದೆ. ಕೊಡಲಿಲ್ಲ.